ಬಡತಿಯ ವೇಷದ ಶಿಕ್ಷೆ : ಸರ್ ಎಡ್ವರ್ಡ್ ಕೋಕ್

ಸರಕಾರಿ ನೌಕರಿಯಲ್ಲಿರುವವನಿಗೆ ವರ್ಗಾವಣೆಯೆಂಬುದು ಹೊಸ ಮಾತಲ್ಲ. ನೌಕರಿಗೆ ಸೇರಿದ ದಿನವೇ ಅವನು ಅದನ್ನು ಒಪ್ಪಿಕೊಂಡಿರುತ್ತಾನೆ. ಆಡಳಿತವು ಸುಸೂತ್ರವಾಗಿ ನಡೆಯಬೇಕಾದರೆ ಇಂದು ಇಲ್ಲಿದ್ದವನು ನಾಳೆ ಅಲ್ಲಿಗೆ ಹೋಗಬೇಕಾಗುವುದು ಸಹಜವೇ ಸರಿ. ಆದರೆ ಅದೇ ಕಚೇರಿಯಿಂದ, ಅದೇ ಮೊಹರಿನೊಡನೆ, ಇನ್ನೊಂದು ಬಗೆಯ ಆಜ್ಞೆಯೂ ಹೊರಡುವುದುಂಟು. ಮೇಲಿನವರ ಮನಸ್ಸಿಗೆ ಒಗ್ಗದ ವರದಿಯನ್ನು ಬರೆದವನನ್ನು ನೀರಿಲ್ಲದ ಊರಿಗೆ ಎತ್ತಿಹಾಕುವ ಆಜ್ಞೆ ಅದು. ಇನ್ನೂ ಜಾಣತನದ ಆಜ್ಞೆಯೊಂದಿದೆ. ಅದರಲ್ಲಿ ಶಿಕ್ಷೆಯ ಸುಳಿವೇ ಕಾಣದು. ಪದವಿಯು ಏರಿರುತ್ತದೆ, ಬಿರುದು ಬೆಳೆದಿರುತ್ತದೆ. ಕೈಯಲ್ಲಿದ್ದ ಕೆಲಸ ಮಾತ್ರ ಜಾರಿಹೋಗಿರುತ್ತದೆ. ಇಂತಹ ಆಜ್ಞೆಯ ಹಿಂದಿನ ಕಾರಣವನ್ನು ಕೇಳುವ ಅಧಿಕಾರವು ನ್ಯಾಯಾಲಯಕ್ಕೆ ಉಂಟೇ? ಉಂಟಾದರೆ ಅದು ಎಲ್ಲಿಂದ ಬಂದಿತು? ಈ ಪ್ರಶ್ನೆಗೆ ಉತ್ತರವನ್ನು ಹುಡುಕುತ್ತ ಹಿಂದಕ್ಕೆ ಹೋದರೆ ನಾಲ್ಕು ನೂರು ವರ್ಷಗಳಷ್ಟು ಹಿಂದೆ, ಇಂಗ್ಲಂಡದಲ್ಲಿ, ತಾನೇ ಅಂತಹ ವರ್ಗಾವಣೆಗೆ ತುತ್ತಾದ ಒಬ್ಬ ನ್ಯಾಯಾಧೀಶನು ನಮಗೆ ಎದುರಾಗುತ್ತಾನೆ. ಅವನೇ ಸರ್ ಎಡ್ವರ್ಡ್ ಕೋಕ್.

ಕೋಕನು 1552ರ ಫೆಬ್ರುವರಿ 1ರಂದು ನಾರ್ಫೋಕ್ ಪ್ರಾಂತದ ಮೈಲ್‌ಹ್ಯಾಮ್ ಎಂಬ ಹಳ್ಳಿಯಲ್ಲಿ ಹುಟ್ಟಿದನು. ತಂದೆ ವಕೀಲನಾಗಿದ್ದನು. ನಾರಿಚ್ ಪಟ್ಟಣದ ಶಾಲೆಯಲ್ಲಿಯೂ ಕೇಂಬ್ರಿಜ್‌ನ ಟ್ರಿನಿಟಿ ಕಾಲೇಜಿನಲ್ಲಿಯೂ ಓದಿ, 1572ರಲ್ಲಿ ಲಂಡನ್ನಿನ ಇನ್ನರ್ ಟೆಂಪಲ್ ಎಂಬ ವಕೀಲರ ವಿದ್ಯಾಶಾಲೆಯನ್ನು ಸೇರಿ, 1578ರಲ್ಲಿ ವಕೀಲಿಯ ಸನದು ಪಡೆದನು. ಅವನ ಪರಿಶ್ರಮಕ್ಕೆ ಸರಿಸಾಟಿಯಿರಲಿಲ್ಲ. ಬೆಳಗಿನ ಜಾವದಲ್ಲೆದ್ದು ಹಳೆಯ ಕಾಯಿದೆಗಳನ್ನು ಓದುವುದು, ಹಗಲು ನ್ಯಾಯಾಲಯದಲ್ಲಿ ಕುಳಿತು ತಾನು ಕೇಳಿದ ಪ್ರತಿಯೊಂದು ಪ್ರಕರಣದ ವಾದವನ್ನೂ ತೀರ್ಪನ್ನೂ ಬರೆದಿಡುವುದು, ಇದೇ ಅವನ ದಿನಚರಿಯಾಯಿತು. ಈ ಟಿಪ್ಪಣಿಗಳೇ 1600ರಿಂದ 1615ರ ವರೆಗೆ ಹನ್ನೊಂದು ಭಾಗಗಳಾಗಿ ಅಚ್ಚಾಗಿ ಇಂಗ್ಲಂಡದ ವಕೀಲರೆಲ್ಲರ ಕೈಹೊತ್ತಗೆಯಾದವು. ಅಲ್ಲಿ ತೀರ್ಪಿನ ವರದಿಗಳನ್ನು ಬರೆದವರು ಹಲವರು. ಆದರೆ ಯಾರ ಹೆಸರನ್ನೂ ಸೇರಿಸದೆ ವರದಿಗಳು ಎಂದಷ್ಟೇ ಅಂದರೆ ಅದು ಕೋಕನದೇ ಎಂದು ವಕೀಲರು ತಿಳಿಯುತ್ತಿದ್ದರು.

ಎಲಿಝಬೆತ್ ರಾಣಿಯ ಆಳಿಕೆಯಲ್ಲಿ ಅವನ ಏಳಿಗೆಯು ಭರದಿಂದ ಸಾಗಿತು. 1593ರಲ್ಲಿ ಕಾಮನ್ಸ್ ಸಭೆಯ ಅಧ್ಯಕ್ಷನಾದನು. 1594ರಲ್ಲಿ ಅಟಾರ್ನಿ ಜನರಲ್ ಹುದ್ದೆಯು ತೆರವಾದಾಗ ಅದಕ್ಕಾಗಿ ಫ್ರಾನ್ಸಿಸ್ ಬೇಕನ್ ಎಂಬ ತರುಣ ಪಂಡಿತನೂ ಹವಣಿಸಿದ್ದನು. ಅದು ದೊರೆತುದು ಕೋಕನಿಗೆ. ಅಂದು ಮೊಳೆತ ವೈರವು ಇಬ್ಬರ ಬಾಳಿನುದ್ದಕ್ಕೂ ಬೆಳೆಯಿತು. ಅಟಾರ್ನಿಯಾಗಿ ಕೋಕನು ಮಾಡಿದುದೆಲ್ಲ ಹೊಗಳಿಕೆಗೆ ಯೋಗ್ಯವಾದುದಲ್ಲ. 1603ರಲ್ಲಿ ಸರ್ ವಾಲ್ಟರ್ ರಾಲಿಯ ಮೇಲೆ ರಾಜದ್ರೋಹದ ವಿಚಾರಣೆ ನಡೆದಾಗ, ಆರೋಪಿಯನ್ನು ಅವನು ತುಂಬಿದ ಸಭೆಯಲ್ಲಿ ಹೀನಾಯವಾಗಿ ಬಯ್ದನು. ಸಾಕ್ಷಿದಾರನನ್ನು ಎದುರಿಗೆ ತಂದು ನಿಲ್ಲಿಸಿರೆಂಬ ರಾಲಿಯ ನ್ಯಾಯವಾದ ಬೇಡಿಕೆಗೆ ಅಂದು ಮನ್ನಣೆ ಸಿಕ್ಕಲಿಲ್ಲ. ಅಧಿಕಾರದ ಪಕ್ಕದಲ್ಲಿ ನಿಂತಿರುವವರೆಗೆ ಅದರ ಹಲ್ಲುಗಳು ಎಷ್ಟು ಹರಿತವೆಂಬುದು ತಿಳಿಯುವುದಿಲ್ಲ. ಕೋಕನಿಗೂ ಆಗ ತಿಳಿದಿರಲಿಲ್ಲ.

1606ರಲ್ಲಿ ಅವನು ಕಾಮನ್ ಪ್ಲೀಸ್ ನ್ಯಾಯಾಲಯದ ಮುಖ್ಯ ನ್ಯಾಯಾಧೀಶನಾದನು. ಪ್ರಜೆ ಪ್ರಜೆಗಳ ನಡುವಿನ ಹೊಲ ಮನೆ ಸಾಲ ಸೋಲಗಳ ವ್ಯಾಜ್ಯಗಳು ಹೆಚ್ಚಾಗಿ ಅಲ್ಲಿಗೇ ಬರುತ್ತಿದ್ದವು. ಅಂದಿನ ನ್ಯಾಯಾಧೀಶರಿಗೆ ಸಂಬಳಕ್ಕಿಂತ ಪ್ರಕರಣಗಳ ಶುಲ್ಕದಿಂದ ಬರುವ ಆದಾಯವೇ ಹೆಚ್ಚು. ಆದುದರಿಂದ ಆ ಪೀಠವು ಹೆಚ್ಚಿನ ಪ್ರಾಪ್ತಿಯ ಪೀಠವೂ ಆಗಿತ್ತು. ಸಿಂಹಾಸನದ ಮೇಲೆ ಆಗ ಒಂದನೆಯ ಜೇಮ್ಸನಿದ್ದನು. ಅರಸನು ದೇವರಿಗಷ್ಟೇ ಉತ್ತರ ಹೇಳಬೇಕಾದವನೆಂದು ನಂಬಿ, ಆ ನಂಬಿಕೆಯನ್ನು ಗ್ರಂಥರೂಪದಲ್ಲಿಯೂ ಬರೆದಿದ್ದ ಪಂಡಿತರಾಜನವನು. ಅಟಾರ್ನಿಯ ನಿಲುವಂಗಿಯನ್ನು ಕಳಚಿ ನ್ಯಾಯಾಧೀಶನ ನಿಲುವಂಗಿಯನ್ನು ಧರಿಸಿದ ಕೋಕನಾದರೋ ಬೇರೊಬ್ಬ ಮನುಷ್ಯನಾದನು. ಧರ್ಮಾಧಿಕಾರಿಗಳ ಹೈ ಕಮಿಶನ್ ಎಂಬ ನ್ಯಾಯಸ್ಥಾನವು ತನ್ನ ಮೇರೆಯನ್ನು ಮೀರಿ ಪ್ರಜೆಗಳನ್ನು ಸೆರೆಗೆ ಹಾಕತೊಡಗಿದಾಗ ಅದನ್ನು ತಡೆಯುವ ಆಜ್ಞೆಗಳನ್ನು ಮೇಲಿಂದ ಮೇಲೆ ಹೊರಡಿಸಿದನು.

ಧರ್ಮಾಧಿಕಾರಿಗಳು ಅರಸನಲ್ಲಿಗೆ ದೂರು ಒಯ್ದರು. ನ್ಯಾಯಾಧೀಶರು ಅರಸನ ಪ್ರತಿನಿಧಿಗಳಷ್ಟೇ. ಆದುದರಿಂದ ಅರಸನು ಬೇಕೆನಿಸಿದ ವ್ಯಾಜ್ಯವನ್ನು ತಾನೇ ಕುಳಿತು ತೀರ್ಮಾನಿಸಬಹುದು ಎಂಬುದು ಅವರ ವಾದ. ಜೇಮ್ಸನಿಗೆ ಇದು ಹಿತವೆನಿಸಿತು. ಕೋಕನು ಒಪ್ಪಲಿಲ್ಲ. ದೇವರು ಅರಸನಿಗೆ ಬೇಕಾದಷ್ಟು ಬುದ್ಧಿಯನ್ನು ಕೊಟ್ಟಿರಬಹುದು. ಆದರೆ ಪ್ರಜೆಗಳ ಪ್ರಾಣ ಮತ್ತು ಆಸ್ತಿಗಳ ಪ್ರಶ್ನೆಯು ಹುಟ್ಟುಬುದ್ಧಿಯಿಂದ ತೀರುವಂತಹದಲ್ಲ, ಬಹುಕಾಲದ ಅಭ್ಯಾಸದಿಂದ ಬರುವ ಕಾಯಿದೆಯ ಬುದ್ಧಿಯಿಂದಲೇ ತೀರಬೇಕು ಎಂದು ಬಿನ್ನವಿಸಿದನು. ಅರಸನೂ ಕಾಯಿದೆಗೆ ಅಧೀನನೆಂಬ ಅರ್ಥ ಈ ಮಾತಿನಲ್ಲಿ ಅಡಗಿರುವುದನ್ನು ಕಂಡು ಜೇಮ್ಸನು ಕೆಂಡವಾದನು. ಕೋಕನ ಬರಹವನ್ನೇ ನಂಬಿದರೆ ಅವನು ಅಲುಗದೆ ನಿಂತನು; ಸಮಕಾಲೀನರ ಕಾಗದಗಳನ್ನು ನಂಬಿದರೆ ಮೊಳಕಾಲೂರಿ ಕ್ಷಮೆ ಬೇಡಿದನು. ಎರಡರಲ್ಲಿ ಯಾವುದು ನಿಜವಾದರೂ ತಡೆಯಾಜ್ಞೆಗಳು ಮಾತ್ರ ನಿಲ್ಲಲಿಲ್ಲ. 1610ರಲ್ಲಿ, ಅರಸನು ಬರಿಯ ಘೋಷಣೆಯಿಂದ ಹೊಸ ಅಪರಾಧವನ್ನು ಸೃಷ್ಟಿಸಲಾರನೆಂದು ಕೋಕನೂ ಅವನ ಸಂಗಡಿಗ ನ್ಯಾಯಾಧೀಶರೂ ಅಭಿಪ್ರಾಯವಿತ್ತರು.

ಇಂತಹ ನ್ಯಾಯಾಧೀಶನನ್ನು ಏನು ಮಾಡಬೇಕು? ತೆಗೆದುಹಾಕಿದರೆ ಜನರು ಆಡಿಕೊಳ್ಳುವರು. 1613ರ ಆಗಸ್ಟದಲ್ಲಿ ಕಿಂಗ್ಸ್ ಬೆಂಚ್ ನ್ಯಾಯಾಲಯದ ಮುಖ್ಯ ನ್ಯಾಯಾಧೀಶನಾದ ಸರ್ ಥಾಮಸ್ ಫ್ಲೆಮಿಂಗನು ತೀರಿಕೊಂಡನು. ಬೇಕನ್ನನು ಅರಸನಿಗೆ ಒಂದು ಸಲಹೆಯನ್ನು ಬರೆದುಕೊಟ್ಟನು. ಕೋಕನನ್ನು ಆ ಸ್ಥಾನಕ್ಕೆ ಏರಿಸಬೇಕು. ಅದು ಇಂಗ್ಲಂಡದ ನ್ಯಾಯಪೀಠಗಳಲ್ಲಿಯೇ ಹಿರಿದು. ಅದರೊಡನೆ ಪ್ರಿವಿ ಕೌನ್ಸಿಲಿನ ಸದಸ್ಯತ್ವವೂ ದೊರೆಯಲಿ. ಆದರೆ ಅದರ ಆದಾಯವು ಕಡಿಮೆ. ಆದುದರಿಂದ ಕೋಕನಿಗೂ ನೋಡುವವರಿಗೂ ಅದೊಂದು ಎಚ್ಚರಿಕೆಯಾಗುವುದು. ಮೇಲಾಗಿ ಆ ಪೀಠವು ಅರಸನ ಪ್ರಕರಣಗಳ ಪೀಠ. ಅಲ್ಲಿ ಕುಳಿತವನು ಪ್ರಜಾಪಕ್ಷಪಾತಿಯೆನಿಸಿಕೊಳ್ಳುವುದು ಅಷ್ಟು ಸುಲಭವಲ್ಲ. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಕೋಕನ ಜಾಗಕ್ಕೆ ಅಟಾರ್ನಿ ಜನರಲ್ ಹೊಬಾರ್ಟನು ಹೋದರೆ ತೆರವಾಗುವ ಅಟಾರ್ನಿಯ ಹುದ್ದೆಯು ಸಲಹೆ ಕೊಟ್ಟ ಬೇಕನ್ನನಿಗೇ ಸಲ್ಲುವುದು! ಲೋಕಹಿತದ ಹೆಸರಿನಲ್ಲಿ ಹೊರಡುವ ಎಷ್ಟೋ ಆಜ್ಞೆಗಳ ಅಂಗಿಯನ್ನು ತಿರುವಿ ನೋಡಿದರೆ ಒಳಗೆ ಇಂತಹದೇ ಹೊಲಿಗೆ ಕಾಣುವುದು.

1613ರ ಅಕ್ಟೋಬರದಲ್ಲಿ ಹಾಗೆಯೇ ನಡೆಯಿತು. ಏಳು ವರ್ಷ ಕುಳಿತ ಪೀಠವನ್ನು ಬಿಟ್ಟು ಹೋಗುವಾಗ ಅರುವತ್ತೊಂದು ವಯಸ್ಸಿನ, ಕಠಿನಹೃದಯನೆಂದು ಹೆಸರಾದ ಕೋಕನು ಕಣ್ಣೀರಿಟ್ಟನೆಂದು ಅಂದಿನವರು ಬರೆದಿದ್ದಾರೆ. ಅವನ ಸಂಗಡಿಗರೂ ಸಿಬ್ಬಂದಿಯವರೂ ದುಃಖಿಸಿದರು. ಮುಂದೆ ಬೇಕನ್ನನು ಎದುರಾದಾಗ, ಇದೆಲ್ಲ ನಿನ್ನ ಕೈವಾಡವೇ ಎಂದು ಕೋಕನು ಆಕ್ಷೇಪಿಸಿದನಂತೆ. ಇಷ್ಟು ದಿನ ಅಡ್ಡಕ್ಕೆ ಬೆಳೆದಿರಿ, ಇನ್ನು ಎತ್ತರಕ್ಕೂ ಬೆಳೆಯದಿದ್ದರೆ ವಿಕಾರವಾಗಿ ಕಾಣುವಿರಿ ಎಂಬ ಅರ್ಥದ ಉತ್ತರವನ್ನು ಬೇಕನ್ನನು ಕೊಟ್ಟನಂತೆ. ಬಡತಿ ಪಡೆದವನು ಅಳುತ್ತಾನೆ, ಬಡತಿ ಕೊಡಿಸಿದವನು ನಗುತ್ತಾನೆ. ಆ ಆಜ್ಞೆಯ ನಿಜವಾದ ಅರ್ಥವನ್ನು ತಿಳಿಯಲು ಇದಕ್ಕಿಂತ ಹೆಚ್ಚಿನ ಸಾಕ್ಷಿ ಬೇಕೇ?

ಕೋಕನು ಈ ಆಜ್ಞೆಯನ್ನು ಎದುರಿಸಿ ಯಾವ ನ್ಯಾಯಾಲಯಕ್ಕೂ ಹೋಗಲಿಲ್ಲ, ಹೋಗುವಂತೆಯೂ ಇರಲಿಲ್ಲ. ಮುಖ್ಯ ನ್ಯಾಯಾಧೀಶರ ಸನದಿನಲ್ಲಿ, ಅರಸನ ಇಷ್ಟವಿರುವವರೆಗೆ ಮಾತ್ರ ಈ ಅಧಿಕಾರ ಎಂಬ ಷರತ್ತು ಸೇರಿತ್ತು. ಆದರೆ ತನ್ನನ್ನು ಕಟ್ಟಿಹಾಕಲೆಂದು ಕೂರಿಸಿದ ಪೀಠದಿಂದಲೇ ಅವನು ಮುಂದಿನ ಜನಾಂಗದ ನೌಕರರಿಗೆಲ್ಲ ಉಪಕಾರವಾಗುವ ತೀರ್ಪೊಂದನ್ನು ಕೊಟ್ಟನು. ಪ್ಲಿಮತ್ ಎಂಬುದು ಇಂಗ್ಲಂಡದ ದಕ್ಷಿಣ ಕರಾವಳಿಯ ಪಟ್ಟಣ. ಅಲ್ಲಿಯ ನಗರಸಭೆಯ ಹನ್ನೆರಡು ಮಂದಿ ಮುಖ್ಯ ಸದಸ್ಯರಲ್ಲಿ ಜೇಮ್ಸ್ ಬ್ಯಾಗ್ ಎಂಬವನೊಬ್ಬನು. ಬಾಯಿಹರುಕನಾದ ಈತನು ನಗರಾಧ್ಯಕ್ಷನನ್ನು ಮುಖದ ಮುಂದೆಯೇ ಮೋಸಗಾರನೆಂದು ಬಯ್ದು, ಅಸಭ್ಯವಾಗಿ ನಡೆದುಕೊಂಡನೆಂದು ಆಪಾದನೆ. ಸಭೆಯವರು ಅವನನ್ನು ಸದಸ್ಯತ್ವದಿಂದ ತೆಗೆದುಹಾಕಿದರು. ಬ್ಯಾಗನು ಕಿಂಗ್ಸ್ ಬೆಂಚಿಗೆ ಬಂದನು.

1615ರಲ್ಲಿ ತೀರ್ಪಾಯಿತು. ಬೈಗುಳವು ತಪ್ಪೇ, ಅದಕ್ಕೆ ಜಾಮೀನು ಪಡೆಯಬಹುದು, ಆದರೆ ಅಷ್ಟರಿಂದಲೇ ಅಧಿಕಾರಸ್ಥಾನವು ಕಳೆದುಹೋಗುವುದಿಲ್ಲ. ಕಾರಣವು ಸಾಲದಾಗಿದ್ದರೆ ತೆಗೆದುಹಾಕಿದುದು ಸಲ್ಲದು. ಕಾರಣವು ಸಾಕಷ್ಟಿದ್ದರೂ ಅವನ ಮಾತನ್ನು ಕೇಳದೆ ತೆಗೆದಿದ್ದರೆ ಅದೂ ಸಲ್ಲದು. ಇಂತಹ ಅನ್ಯಾಯವನ್ನು ಸರಿಪಡಿಸುವ ಅಧಿಕಾರ ಕಿಂಗ್ಸ್ ಬೆಂಚಿಗೆ ಉಂಟು. ಹೀಗೆ ಹೇಳಿ, ಬ್ಯಾಗನನ್ನು ಅವನ ಸ್ಥಾನದಲ್ಲಿ ಮರಳಿ ಕೂರಿಸಬೇಕೆಂದು ನ್ಯಾಯಾಲಯವು ಅಪ್ಪಣೆ ಮಾಡಿತು. ಮುಂದೆ ಮ್ಯಾಂಡಮಸ್ ಎಂಬ ಹೆಸರಿನಿಂದ ಪ್ರಸಿದ್ಧವಾದ ರಿಟ್ ಆಜ್ಞೆಯು ಬೆಳೆದು ನಿಂತುದು ಈ ತೀರ್ಪಿನ ಬುಡದಿಂದ. ವಾಚಕರು ಗಮನಿಸಬೇಕು: ಬ್ಯಾಗನು ಮಹಾತ್ಮನೇನೂ ಆಗಿರಲಿಲ್ಲ. ಒಳ್ಳೆಯವನಿಗೆ ಮಾತ್ರ ನ್ಯಾಯವೆಂದಾದರೆ ಯಾರು ಒಳ್ಳೆಯವರೆಂಬುದನ್ನು ಅಧಿಕಾರಸ್ಥರೇ ನಿರ್ಣಯಿಸುವರು. ನಡೆಯಬೇಕಾದ ಕ್ರಮವು ನಡೆಯಿತೇ ಎಂಬುದಷ್ಟೇ ಅಲ್ಲಿ ಪ್ರಶ್ನೆಯಾಯಿತು. ರಾಲಿಯನ್ನು ಬಾಯಿಗೆ ಬಂದಂತೆ ಬಯ್ದಿದ್ದ ಕೋಕನು ಹನ್ನೆರಡು ವರ್ಷಗಳಲ್ಲಿ ನಡೆದುಬಂದ ದಾರಿ ಇಷ್ಟು ದೂರದ್ದು.

ಮರು ವರ್ಷವೇ ಅವನ ಪಾಳಿ ಬಂದಿತು. ಅರಸನು ಒಬ್ಬ ಬಿಶಪ್ಪನಿಗೆ ಮತ್ತೊಂದು ಧರ್ಮಸ್ಥಾನದ ಉತ್ಪನ್ನವನ್ನೂ ಸೇರಿಸಿ ಕೊಟ್ಟುದು ಸಕ್ರಮವೇ ಎಂಬ ವ್ಯಾಜ್ಯ ನ್ಯಾಯಾಧೀಶರ ಮುಂದಿತ್ತು. ತನ್ನೊಡನೆ ಸಮಾಲೋಚಿಸುವವರೆಗೆ ವಿಚಾರಣೆಯನ್ನು ನಿಲ್ಲಿಸಬೇಕೆಂದು ಅರಸನು ಬೇಕನ್ನನ ಮೂಲಕ ಹೇಳಿ ಕಳುಹಿಸಿದನು. ಅಂತಹ ಅಪ್ಪಣೆಯು ಕಾಯಿದೆಗೆ ವಿರುದ್ಧವೆಂದು ಹನ್ನೆರಡು ಮಂದಿ ನ್ಯಾಯಾಧೀಶರೂ ರುಜು ಹಾಕಿ ಉತ್ತರ ಬರೆದು ವಿಚಾರಣೆಯನ್ನು ಮುಂದುವರಿಸಿದರು. 1616ರ ಜೂನ್ 6ರಂದು ಅರಸನು ಅವರೆಲ್ಲರನ್ನೂ ಅರಮನೆಗೆ ಕರೆಯಿಸಿದನು. ಎಲ್ಲರೂ ಮೊಳಕಾಲೂರಿದರು. ಇನ್ನು ಮುಂದೆ ಅರಸನು ತನ್ನ ಹಿತದ ವಿಷಯವೆಂದು ಹೇಳಿ ನಿಲ್ಲಿಸೆಂದರೆ ನಿಲ್ಲಿಸುವಿರಾ ಎಂದು ಒಬ್ಬೊಬ್ಬರನ್ನೂ ಕೇಳಲಾಯಿತು. ಹನ್ನೊಂದು ಮಂದಿ ಹೌದೆಂದರು. ಅಂತಹ ಪ್ರಸಂಗ ಬಂದಾಗ ನ್ಯಾಯಾಧೀಶನಿಗೆ ತಕ್ಕುದನ್ನು ಮಾಡುವೆನೆಂದಷ್ಟೇ ಕೋಕನು ಹೇಳಿದನು. ಆ ತಿಂಗಳ ಕೊನೆಗೆ ಅವನನ್ನು ಕೌನ್ಸಿಲಿನಿಂದ ದೂರವಿರಿಸಿ, ಮನೆಯಲ್ಲಿ ಕುಳಿತು ತನ್ನ ವರದಿಗಳಲ್ಲಿನ ತಪ್ಪುಗಳನ್ನು ತಿದ್ದಬೇಕೆಂದು ಆಜ್ಞಾಪಿಸಿದರು. ನವೆಂಬರದಲ್ಲಿ ವಜಾದ ಆಜ್ಞೆಯೇ ಬಂದಿತು. ಬ್ಯಾಗನಿಗೆ ಸ್ಥಾನವನ್ನು ಮರಳಿ ಕೊಡಿಸಿದವನಿಗೆ ತನ್ನ ಸ್ಥಾನವನ್ನು ಮರಳಿ ಕೇಳಲು ಬಾಗಿಲೇ ಇರಲಿಲ್ಲ.

ಕಳೆದುಕೊಂಡ ಅರಸನ ಕೃಪೆಯನ್ನು ಮತ್ತೆ ಪಡೆಯಲು ಅವನು ಮಾಡಿದ ಒಂದು ಕೃತ್ಯವನ್ನು ಚರಿತ್ರಕಾರನು ಮುಚ್ಚಿಡಲಾಗದು. 1617ರಲ್ಲಿ, ಅರಸನ ಮೆಚ್ಚಿನ ಸರದಾರನಾದ ಬಕಿಂಗ್‌ಹ್ಯಾಮನ ಅಣ್ಣನಿಗೆ ತನ್ನ ಕಿರಿಯ ಮಗಳನ್ನು, ತಾಯಿ ಮಗಳಿಬ್ಬರ ಇಷ್ಟಕ್ಕೂ ವಿರುದ್ಧವಾಗಿ, ಬಲಾತ್ಕಾರದಿಂದ ಮದುವೆ ಮಾಡಿಸಿದನು. ಕೌನ್ಸಿಲಿನಲ್ಲಿ ಜಾಗ ಸಿಕ್ಕಿತು. ಮಗಳ ಬಾಳು ಕೆಟ್ಟಿತು. ಅಧಿಕಾರಕ್ಕೆ ಎದುರು ನಿಂತ ಗಟ್ಟಿಗನೂ ಅಧಿಕಾರದ ಆಶೆಗೆ ಮನೆಯಲ್ಲಿ ಹೀಗೆ ಬಾಗಿದನು.

ಆದರೆ 1621ರ ಪಾರ್ಲಿಮೆಂಟಿನಲ್ಲಿ ಅವನು ಮತ್ತೆ ಎದ್ದು ನಿಂತನು. ಚಾನ್ಸಲರನ ಪದವಿಗೇರಿದ್ದ ಬೇಕನ್ನನ ಲಂಚದ ಪ್ರಕರಣವು ಬಯಲಿಗೆ ಬಂದು, ಕೋಕನೂ ಪ್ರಮುಖನಾಗಿದ್ದ ಆ ಸಭೆಯ ವಿಚಾರಣೆಯಿಂದ ಬೇಕನ್ನನು ಪದಚ್ಯುತನಾದನು. ವರ್ಷದ ಕೊನೆಗೆ, ಸಭೆಯ ವಾಕ್ಸ್ವಾತಂತ್ರ್ಯವು ಅರಸನ ಭಿಕ್ಷೆಯಲ್ಲ, ಪ್ರಜೆಗಳ ಪಿತ್ರಾರ್ಜಿತ ಹಕ್ಕು ಎಂಬ ಘೋಷಣೆಯಲ್ಲಿ ಮುಂದಾಳಾದುದಕ್ಕಾಗಿ ಕೋಕನನ್ನು ಲಂಡನ್ ಟವರಿನ ಸೆರೆಯಲ್ಲಿಟ್ಟರು. ತಿಂಗಳುಗಟ್ಟಲೆ ಅಲ್ಲಿದ್ದು 1622ರಲ್ಲಿ ಬಿಡುಗಡೆ ಹೊಂದಿದನು.

ಒಂದನೆಯ ಚಾರ್ಲ್ಸನು ಪಟ್ಟಕ್ಕೆ ಬಂದ ಮೇಲೆ ವರ್ಗಾವಣೆಯ ಹಳೆಯ ಉಪಾಯವು ಹೊಸ ರೂಪದಲ್ಲಿ ಮರಳಿತು. 1625ರಲ್ಲಿ ಕೋಕನನ್ನು ಬಕಿಂಗ್‌ಹ್ಯಾಮ್ ಪ್ರಾಂತದ ಶೆರೀಫನನ್ನಾಗಿ ನೇಮಿಸಲಾಯಿತು. ಎದುರು ಮಾತಾಡುವ ಇನ್ನೂ ಕೆಲವು ಸದಸ್ಯರಿಗೂ ಇದೇ ಗೌರವವು ಪ್ರಾಪ್ತವಾಯಿತು. ಶೆರೀಫನು ತನ್ನ ಪ್ರಾಂತವನ್ನು ಬಿಟ್ಟು ಹೋಗುವಂತಿಲ್ಲ. ಆದುದರಿಂದ ಪಾರ್ಲಿಮೆಂಟಿನಲ್ಲಿ ಕೂರುವಂತಿಲ್ಲ. ಎಪ್ಪತ್ಮೂರು ವಯಸ್ಸಿನ ಮುದುಕ, ಒಂದು ಕಾಲದ ರಾಜ್ಯದ ಮುಖ್ಯ ನ್ಯಾಯಾಧೀಶ, ಈಗ ಸಂಚಾರಕ್ಕೆ ಬರುವ ನ್ಯಾಯಾಧೀಶರನ್ನು ಎದುರುಗೊಂಡು ಉಪಚರಿಸಬೇಕಾಯಿತು. ಆದರೂ ಅವನು ಸುಮ್ಮನೆ ತಲೆ ಬಾಗಿಸಲಿಲ್ಲ. ಶೆರೀಫನು ಸ್ವೀಕರಿಸಬೇಕಾದ ಪ್ರತಿಜ್ಞೆಯ ಒಕ್ಕಣೆಯನ್ನು ಬಿಡಿಸಿ ನೋಡಿ, ಕಾಯಿದೆಗೆ ಹೊಂದದ ಅಂಶಗಳಿವೆಯೆಂದು ತಕರಾರು ಹೂಡಿದನು. ರದ್ದಾದ ಹಳೆಯ ಕಾಯಿದೆಗಳ ಆಧಾರದ ಮೇಲೆ ಒಂದು ಪಂಥದವರನ್ನು ದಮನ ಮಾಡುವೆನೆಂಬ ವಾಕ್ಯವೊಂದು ಅದರಲ್ಲಿ ಉಳಿದುಬಂದಿತ್ತು. ಕೌನ್ಸಿಲು ನ್ಯಾಯಾಧೀಶರ ಅಭಿಪ್ರಾಯ ಕೇಳಿ ಆ ವಾಕ್ಯವನ್ನು ಬಿಡಿಸಬೇಕಾಯಿತು. ನೇಮಕವು ತಪ್ಪಲಿಲ್ಲ, ಆದರೆ ಆಜ್ಞೆಯನ್ನು ಪಾಲಿಸುತ್ತಲೇ ಅದರೊಳಗಿನ ಅಕ್ರಮವನ್ನು ಎತ್ತಿ ತೋರಿಸಬಹುದೆಂಬ ಮೇಲ್ಪಂಕ್ತಿ ಉಳಿಯಿತು.

ಶೆರೀಫಗಿರಿಯ ಅವಧಿ ಮುಗಿಯಿತು. 1628ರ ಪಾರ್ಲಿಮೆಂಟಿಗೆ ಬಂದಾಗ ಕೋಕನ ವಯಸ್ಸು ಎಪ್ಪತ್ತಾರು. ಸಾಲದ ಹೆಸರಿನ ಬಲಾತ್ಕಾರದ ವಸೂಲಿಗೆ ಒಪ್ಪದವರನ್ನು ಅರಸನು ಕಾರಣ ಹೇಳದೆ ಸೆರೆಗೆ ಹಾಕಿದ್ದನು. ಮುಖ್ಯ ನ್ಯಾಯಾಧೀಶನಾಗಿದ್ದಾಗ ಕೌನ್ಸಿಲಿನ ಇಂತಹ ಅಧಿಕಾರವನ್ನು ನೀನೇ ಒಪ್ಪಿದ್ದೆಯಲ್ಲವೇ ಎಂದು ಎದುರಾಳಿಗಳು ಹಂಗಿಸಿದರು. ಮೂಲಗ್ರಂಥಗಳನ್ನು ಮತ್ತೆ ಓದಿ ತನ್ನ ಅಭಿಪ್ರಾಯವು ಬದಲಾಯಿತೆಂದು ಅವನು ಸಭೆಯಲ್ಲಿಯೇ ಒಪ್ಪಿಕೊಂಡನು. ಪಾರ್ಲಿಮೆಂಟಿನ ಒಪ್ಪಿಗೆಯಿಲ್ಲದೆ ಕರವಿಲ್ಲ, ಕಾರಣ ತೋರಿಸದೆ ಸೆರೆಯಿಲ್ಲ, ಪ್ರಜೆಗಳ ಮನೆಗಳಲ್ಲಿ ದಂಡಿನ ಬಿಡಾರವಿಲ್ಲ, ಶಾಂತಿಕಾಲದಲ್ಲಿ ದಂಡಿನ ಕಾಯಿದೆಯಿಲ್ಲ ಎಂಬ ಹಕ್ಕಿನ ಮನವಿಯನ್ನು ರೂಪಿಸಿದವರಲ್ಲಿ ಅವನೇ ಮುಂದಿನವನು. ಜೂನ್ 7ರಂದು ಅರಸನು ಅದಕ್ಕೆ ಸಮ್ಮತಿಸಿದನು.

ಅನಂತರ ಸ್ಟೋಕ್ ಪೋಜಸ್ ಎಂಬ ಊರಿನ ಮನೆಯಲ್ಲಿ ಗ್ರಂಥರಚನೆಯಲ್ಲಿ ತೊಡಗಿ, 1634ರ ಸೆಪ್ಟೆಂಬರ 3ರಂದು ತೀರಿಕೊಂಡನು. ಅವನು ಮರಣಶಯ್ಯೆಯಲ್ಲಿದ್ದಾಗಲೇ ಸರಕಾರದವರು ಮನೆಯನ್ನು ಶೋಧಿಸಿ ಕಾಗದಪತ್ರಗಳನ್ನು ಹೊತ್ತೊಯ್ದರು. ಸಾಯುತ್ತಿರುವ ಮುದುಕನ ಹಸ್ತಪ್ರತಿಗೆ ಅವರು ಹೆದರಿದುದು ಅಕಾರಣವಾಗಿರಲಿಲ್ಲ. 1640ರಲ್ಲಿ ಸೇರಿದ ಪಾರ್ಲಿಮೆಂಟು ಆ ಕಾಗದಗಳನ್ನು ಬಿಡಿಸಿ, ಅವನ ಕಾಯಿದೆಯ ಗ್ರಂಥದ ಉಳಿದ ಭಾಗಗಳನ್ನು ಅಚ್ಚು ಹಾಕಿಸಿತು. ಅರಸನ ಇಷ್ಟವಿರುವವರೆಗೆ ಎಂಬ ಷರತ್ತು ನ್ಯಾಯಾಧೀಶರ ಸನದಿನಿಂದ ತೊಲಗಿ, ಸನ್ನಡತೆಯಿರುವವರೆಗೆ ಎಂಬ ನಿಯಮವು ಸ್ಥಿರವಾಗಲು 1701ರ ಕಾಯಿದೆಯೇ ಬೇಕಾಯಿತು.

ಬ್ಯಾಗನಿಗೆ ಸ್ಥಾನವನ್ನು ಮರಳಿ ಕೊಡಿಸಿದ ರಿಟ್ ಆಜ್ಞೆಯು ಇಂಗ್ಲಿಷರ ನ್ಯಾಯಾಲಯಗಳೊಡನೆ ನಮ್ಮ ದೇಶಕ್ಕೂ ಬಂದಿತು. 1950ರ ಸಂವಿಧಾನವು ಅದನ್ನು ಎಲ್ಲ ಹೈಕೋರ್ಟುಗಳ ಕೈಗೂ ಕೊಟ್ಟಿತು. ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ, ಹದಿನಾರು ಮಂದಿ ಹೈಕೋರ್ಟು ನ್ಯಾಯಾಧೀಶರನ್ನು ಅವರ ಒಪ್ಪಿಗೆಯಿಲ್ಲದೆ ದೂರದ ಪ್ರಾಂತಗಳಿಗೆ ವರ್ಗ ಮಾಡಲಾಯಿತು. ನಮ್ಮ ಕರ್ನಾಟಕದ ಹೈಕೋರ್ಟಿನಿಂದ ಡಿ. ಎಂ. ಚಂದ್ರಶೇಖರ ಅವರನ್ನು ಅಲಹಾಬಾದಿಗೂ ಸದಾನಂದಸ್ವಾಮಿ ಅವರನ್ನು ಗೌಹಾಟಿಗೂ ಕಳುಹಿಸಿದರು. ಗುಜರಾತಿನ ಸಂಕಲಚಂದ ಶೇಠ ಅವರು ಆಂಧ್ರಕ್ಕೆ ಹೋಗಿ ಕೆಲಸಕ್ಕೆ ಹಾಜರಾದರು. ಆದರೆ ಆಜ್ಞೆಯನ್ನು ಪ್ರಶ್ನಿಸಿ ಅರ್ಜಿಯನ್ನೂ ಹಾಕಿದರು. ಗುಜರಾತ ಹೈಕೋರ್ಟು ಆ ಆಜ್ಞೆಯನ್ನು ರದ್ದುಪಡಿಸಿತು. 1977ರಲ್ಲಿ ಸುಪ್ರೀಮ ಕೋರ್ಟು ಬಹುಮತದಿಂದ, ನ್ಯಾಯಾಧೀಶನ ಒಪ್ಪಿಗೆ ಬೇಕಿಲ್ಲವೆಂದರೂ, ವರ್ಗಾವಣೆಯು ಲೋಕಹಿತಕ್ಕಾಗಿಯೇ ಇರಬೇಕು, ಶಿಕ್ಷೆಗಾಗಿ ಇರಬಾರದು, ಭಾರತದ ಮುಖ್ಯ ನ್ಯಾಯಾಧೀಶರೊಡನೆ ಮನಃಪೂರ್ವಕ ಸಮಾಲೋಚನೆ ನಡೆದಿರಬೇಕು ಎಂದು ವಿಧಿಸಿತು. ಹೊಸ ಸರಕಾರವು ಶೇಠರನ್ನು ಗುಜರಾತಕ್ಕೆ ಮರಳಿ ಕಳುಹಿಸಲು ಒಪ್ಪಿತು. ಕೋಕನಿಗೆ ಮುಚ್ಚಿದ್ದ ಬಾಗಿಲು ಶೇಠರಿಗೆ ತೆರೆದಿತ್ತು.

ನ್ಯಾಯಾಧೀಶರಲ್ಲದ ನೌಕರರ ಮಾತೂ ಹೀಗೆಯೇ. 1971ರಲ್ಲಿ ತಮಿಳುನಾಡಿನ ಮುಖ್ಯ ಕಾರ್ಯದರ್ಶಿಯಾಗಿದ್ದ ಇ. ಪಿ. ರಾಯಪ್ಪ ಅವರನ್ನು ಯೋಜನಾ ಆಯೋಗದ ಉಪಾಧ್ಯಕ್ಷರನ್ನಾಗಿ ಕಳುಹಿಸಿದಾಗ, ಇದು ಹೆಸರಿಗಷ್ಟೇ ಸಮಾನ ಪದವಿಯೆಂದು ಅವರು ಸುಪ್ರೀಮ ಕೋರ್ಟಿಗೆ ದೂರಿತ್ತರು. ದ್ವೇಷವು ಸಾಬೀತಾಗದೆ 1973ರಲ್ಲಿ ಅವರು ಸೋತರು. ಆದರೆ ಸ್ವೇಚ್ಛಾಚಾರವೂ ಸಮಾನತೆಯೂ ಒಂದೆಡೆ ಬಾಳಲಾರವೆಂಬ ತತ್ತ್ವವು ಅವರ ಪ್ರಕರಣದಿಂದಲೇ ಹುಟ್ಟಿತು. 1986ರಲ್ಲಿ ಕರ್ನಾಟಕದ ಸರಕಾರಿ ನೌಕರನೊಬ್ಬನ ಪ್ರಕರಣದಲ್ಲಿ ಅದೇ ಕೋರ್ಟು, ವರ್ಗಾವಣೆಯು ನೌಕರಿಗೆ ಅಂಟಿಬಂದುದೇ ಎಂದು ಹೇಳುತ್ತಲೇ, ಹೊತ್ತುಗೊತ್ತಿಲ್ಲದ ಪದೇ ಪದೇ ವರ್ಗಾವಣೆಯು ಕುಟುಂಬವನ್ನು ಬೇರುಸಹಿತ ಕೀಳುವುದೆಂದೂ, ಈ ನೀತಿಯು ಎಲ್ಲರಿಗೂ ಒಂದೇ ಸಮನಾಗಿ ಅನ್ವಯಿಸಬೇಕೆಂದೂ ಎಚ್ಚರಿಸಿತು. ಅದೇ ವರ್ಷ ನಮ್ಮ ರಾಜ್ಯದಲ್ಲಿ ನೌಕರರ ಅಹವಾಲುಗಳಿಗೆಂದೇ ಆಡಳಿತ ನ್ಯಾಯಮಂಡಳಿಯು ಆರಂಭವಾಯಿತು.

ಒಲ್ಲದ ಊರಿಗೆ ಹೋಗಬೇಕಾಯಿತೆಂಬ ಮಾತ್ರಕ್ಕೆ ನ್ಯಾಯಾಲಯದ ಮೆಟ್ಟಿಲು ಹತ್ತುವುದು ಯಾವ ನೌಕರನಿಗೂ ಶೋಭಿಸದು. ಅಂತಹ ಅರ್ಜಿಗಳನ್ನು ನ್ಯಾಯಾಲಯಗಳು ತಳ್ಳಿಹಾಕುವುದು ಯುಕ್ತವೇ. ಎಲ್ಲರೂ ಇದ್ದಲ್ಲಿಯೇ ಬೇರೂರಿದರೆ ಬೇಲಿಯೇ ಎದ್ದು ಹೊಲವನ್ನು ಮೇಯುವ ದಿನ ದೂರವಿರದು. ಆದರೆ ಆಜ್ಞೆ ಹೊರಡಿಸುವವನು ಮರೆಯಬಾರದ ಮಾತೊಂದುಂಟು. ಬೇಕನ್ನನು ಅರಸನ ಕಿವಿಗೆ ಮುಟ್ಟಿಸಿದ ಕಾರಣಗಳನ್ನು ತುಂಬಿದ ನ್ಯಾಯಾಲಯದಲ್ಲಿ ಎದ್ದು ಓದಿ ಹೇಳಬೇಕಾಗಿ ಬಂದಿದ್ದರೆ 1613ರ ಆ ಬಡತಿಯು ನಡೆಯುತ್ತಿರಲಿಲ್ಲ. ಯಾವ ವರ್ಗಾವಣೆಯ ಕಾರಣವನ್ನು ಹತ್ತು ಜನರ ಮುಂದೆ ಹೇಳಬಹುದೋ ಅದು ಆಡಳಿತ. ಯಾವುದನ್ನು ಹೇಳಲಾಗದೋ ಅದು, ಎಷ್ಟೇ ದೊಡ್ಡ ಪದವಿಯ ವೇಷದಲ್ಲಿ ಬರಲಿ, ಶಿಕ್ಷೆ.